ಹಳೇ ಪ್ರಾಣಿ ಪುಸ್ತಕ ತಗೊಳ್ಳೋರು ಒಂದ್ನಿಮಿಷ ಓದಿ

ಮಕ್ಕಳಿಗೆ ಅಂತ ಮೀನು, ಹಕ್ಕಿ, ಕುದುರೆ ಪುಸ್ತಕ ಹುಡುಕ್ತಿರೋರು ಬೆಂಗಳೂರಿನ ಅವೆನ್ಯೂ ರೋಡ್ ಇಲ್ಲಾ ಚರ್ಚ್ ಸ್ಟ್ರೀಟ್ ಕಡೆ ಸೆಕೆಂಡ್ ಹ್ಯಾಂಡ್ ಅಂಗಡಿಗೆ ಒಂದ್ಸಲ ಹೋಗ್ಬನ್ನಿ, ದೊಡ್ಡ ಕಲರ್ ಪುಸ್ತಕ ಕಮ್ಮಿ ರೇಟಿಗೆ ಸಿಗುತ್ತೆ. ಆದ್ರೆ ಫೋಟೋ ನೋಡಿ ಮರುಳಾಗ್ಬೇಡಿ, ಮೊದ್ಲು ಪ್ರಿಂಟಾದ ವರ್ಷ ನೋಡಿ. 2022ಕ್ಕಿಂತ ಹಿಂದಿನದಾದ್ರೆ ಭಾರತದಲ್ಲಿ ಚೀತಾ ಇಲ್ಲ ಅಂತಾನೇ ಇರುತ್ತೆ, ಮಧ್ಯಪ್ರದೇಶದ ಕುನೋ ನ್ಯಾಷನಲ್ ಪಾರ್ಕಿಗೆ ನಮೀಬಿಯಾದಿಂದ ಚೀತಾ ಬಂದಿದ್ದು ಆ ವರ್ಷ ಸೆಪ್ಟೆಂಬರಲ್ಲಿ.

ಆಮೇಲೆ ವೈಜ್ಞಾನಿಕ ಹೆಸರು ಕೊಟ್ಟಿದಾರಾ ಅಂತ ಚೆಕ್ ಮಾಡಿ, ಮೀನಿನ ಪುಸ್ತಕಕ್ಕಂತೂ ಬೇಕೇ ಬೇಕು, ಯಾಕಂದ್ರೆ ನಮ್ಮ ಬಂಗುಡೆಗೂ ಮ್ಯಾಕೆರೆಲ್ ಅಂತಾರೆ, ಇಂಗ್ಲೆಂಡಿನ ಪುಸ್ತಕದಲ್ಲಿರೋ ಮ್ಯಾಕೆರೆಲ್ ಬೇರೇನೇ ಮೀನು, ನಮ್ದು ರಾಸ್ಟ್ರೆಲಿಜರ್ ಕನಗುರ್ಟ.

ನಾನು ಮಾಡೋ ಟೆಸ್ಟ್ ಏನಂದ್ರೆ ಸೀದಾ ಕಡಲ್ಗುದುರೆ ಪುಟ ತೆಗೆಯೋದು. ಅದು ಮೀನು, ಮೊಟ್ಟೆ ಹೊತ್ಕೊಂಡು ಮರಿ ಹಾಕೋದು ಗಂಡು ಅಂತ ಸರಿಯಾಗಿ ಬರ್ದಿದ್ರೆ ಓಕೆ. ತಿಮಿಂಗಿಲನ ಮೀನಿನ ಜೊತೆ ಸೇರ್ಸಿದ್ರೆ ಅಲ್ಲೇ ಇಟ್ಬಿಡಿ, ಚೌಕಾಸಿನೂ ಬೇಡ.

ಮನೆಗೆ ತಂದ ತಕ್ಷಣ ಶೆಲ್ಫಲ್ಲಿ ಇಡ್ಬೇಡಿ, ಪುಟ ಪುಟ ಕೊಡವಿ ಎರಡು ದಿನ ನೆರಳಲ್ಲಿ ಗಾಳಿಗಿಡಿ, ಹುಳ ಇರುತ್ತೆ. ನಾನು ಸೋಮಾರಿತನ ಮಾಡಿ ಹಂಗೇ ಇಟ್ಟಿದ್ದೆ, ಈಗ ನನ್ನ ಪುಸ್ತಕದಲ್ಲಿ ಅರಬ್ಬೀ ಕುದುರೆಗೆ ಬಾಲಾನೇ ಇಲ್ಲ 😅