ಡೋಸ್ ಏರಿಸುವ ಮೊದಲು ಚೀಲ ನೋಡಿ: ಥೈರಾಯ್ಡ್ ಚಿಕಿತ್ಸೆಯಲ್ಲಿ ನನ್ನ ಅನುಭವ

ಟಿಎಸ್‌ಎಚ್ 6, 7 ಅಂತ ಸ್ವಲ್ಪ ಏರಿದ ರಿಪೋರ್ಟ್ ಹಿಡಿದು ಬಂದವರಿಗೆ ನಾನು ಅವತ್ತೇ ಮಾತ್ರೆ ಬರೆಯುವುದಿಲ್ಲ. ಥೈರಾಯ್ಡ್ ಗ್ರಂಥಿಯ ಕೆಲಸ ಮಂದವಾದರೆ (ಹೈಪೋ) ಏರುವ, ಅತಿಯಾದರೆ (ಹೈಪರ್) ಇಳಿಯುವ ರಕ್ತದ ನಂಬರು ಈ ಟಿಎಸ್‌ಎಚ್. ಮಾತ್ರೆ ತಗೊಳ್ಳುತ್ತಿರುವವರ ಟಿಎಸ್‌ಎಚ್ ಏರಿದರೆ ಡೋಸ್ ಮುಟ್ಟುವ ಮೊದಲು ಅವರ ಮಾತ್ರೆ ಚೀಲ ನೋಡುತ್ತೇನೆ. ಇಷ್ಟೇ ನನ್ನ ಪದ್ಧತಿ. ನಾಲ್ಕೈದು ವರ್ಷದ ಹಿಂದೆ ಶುರು ಮಾಡಿದಾಗ ಜೊತೆಯ ಡಾಕ್ಟರುಗಳು, "ಬರಿಗೈಲಿ ಕಳಿಸಿದ್ರೆ ಪೇಷಂಟ್ ಮತ್ತೆ ಬರಲ್ಲ" ಅಂದರು. ಮೊದಲ ವರ್ಷ ಹಾಗೇ ಆಯಿತು. ಈಗ ಅವರೇ ನನ್ನ ಹತ್ತಿರ ಪೇಷಂಟುಗಳನ್ನು ಕಳಿಸುತ್ತಾರೆ.

ಇದರಲ್ಲಿ ಹೊಸದೇನೂ ಇಲ್ಲ. ಅಮೆರಿಕನ್ ಥೈರಾಯ್ಡ್ ಅಸೋಸಿಯೇಷನ್ 2014ರಲ್ಲಿ ಬರೆದದ್ದು, ಚಿಕಿತ್ಸೆಯ ಮಾರ್ಗಸೂಚಿ ಕೊಡುವ ಬ್ರಿಟನ್ನಿನ ನೈಸ್ ಸಂಸ್ಥೆ 2019ರಲ್ಲಿ ಹೇಳಿದ್ದು ನಾವೆಲ್ಲ ಓದಿದ್ದೇವೆ. ಆದರೆ ಹೊರಗೆ ಇಪ್ಪತ್ತು ಜನ ಕಾಯುತ್ತಿರುವಾಗ ಚೀಟಿ ಬರೆಯುವುದು ಸುಲಭ. ಬರೆಯದೆ ಇರಲು ಹತ್ತು ನಿಮಿಷ ಮಾತಾಡಬೇಕು.

ನನಗೆ ಬುದ್ಧಿ ಬಂದದ್ದು ಐವತ್ತು ದಾಟಿದ ಒಬ್ಬ ಅಮ್ಮನಿಂದ. ತೂಕ ಸುಮಾರು 60 ಕೆಜಿ. ಥೈರಾಯ್ಡ್ ಹಾರ್ಮೋನಿನ ಮಾತ್ರೆ ಲೆವೊಥೈರಾಕ್ಸಿನ್ ದಿನಕ್ಕೆ 200 ಮೈಕ್ರೊಗ್ರಾಂ ತಗೊಳ್ಳುತ್ತಿದ್ದರೂ ಟಿಎಸ್‌ಎಚ್ 38. ನಾಲ್ಕು ಸಲ ಡೋಸ್ ಏರಿಸಿದ್ದೆ, ನಾಲ್ಕು ಸಲವೂ ನಾನೇ. ಕೆಜಿಗೆ 1.6 ಮೈಕ್ರೊಗ್ರಾಂ ಲೆಕ್ಕದಲ್ಲಿ ಅವರಿಗೆ 100 ಸಾಕು. ಅದರ ಎರಡರಷ್ಟು ಕೊಟ್ಟರೂ ಇಳಿಯುತ್ತಿಲ್ಲ ಅಂದರೆ ಎಲ್ಲೋ ತಪ್ಪಿದೆ ಅಂತ ಆಗಲೇ ಹೊಳೆಯಬೇಕಿತ್ತು. "ಮಾತ್ರೆ ಸರಿಯಾಗಿ ತಗೋತಿದೀರಾ ಅಮ್ಮ?" ಅಂತ ಕೇಳಿದಾಗಲೆಲ್ಲ, "ಒಂದಿನಾನೂ ತಪ್ಪಿಸಿಲ್ಲ ಡಾಕ್ಟ್ರೇ" ಅನ್ನುತ್ತಿದ್ದರು. ಅದು ಸುಳ್ಳಲ್ಲ. ಒಂದು ದಿನ ಚೀಲ ತರಿಸಿ, ಬೆಳಿಗ್ಗೆ ತಗೊಳ್ಳುವ ಹಾಗೇ ಅಂಗೈಲಿ ಹಾಕಿ ತೋರಿಸಿ ಅಂದೆ. ಒಂದು ಸಣ್ಣ ಬಿಳಿ ಮಾತ್ರೆ, ಪಕ್ಕದಲ್ಲೇ ಕಡುಗೆಂಪು ಕಬ್ಬಿಣದ ಮಾತ್ರೆ, ಅದರ ಪಕ್ಕ ಉದ್ದನೆಯ ಕ್ಯಾಲ್ಸಿಯಂ. ಮೂರೂ ಒಂದೇ ಗುಟುಕಿಗೆ. ಕಬ್ಬಿಣ ಮತ್ತು ಕ್ಯಾಲ್ಸಿಯಂ ಹೊಟ್ಟೆಯಲ್ಲೇ ಲೆವೊಥೈರಾಕ್ಸಿನ್ನನ್ನು ಹಿಡಿದುಕೊಂಡುಬಿಡುತ್ತವೆ, ನಾಲ್ಕು ಗಂಟೆ ಅಂತರ ಬೇಕು ಅಂತ ನಮಗೆಲ್ಲ ಗೊತ್ತು. ಅವರಿಗೆ ಯಾರೂ ಹೇಳಿರಲಿಲ್ಲ. ಹೇಳಬೇಕಾದವನು ನಾನು.

ಅಲ್ಲೂ ಒಂದು ತಪ್ಪು ಮಾಡಿದೆ. ಆ ಎರಡು ಮಾತ್ರೆಗಳನ್ನು ಸಂಜೆ, ರಾತ್ರಿಗೆ ಸರಿಸಿದೆ, ಡೋಸ್ ಮಾತ್ರ ಹಾಗೇ ಬಿಟ್ಟೆ. ಏಳು ವಾರದಲ್ಲಿ ವಾಪಸ್ ಬಂದರು. ಕೈ ನಡುಕ, ನಾಡಿ 118, ಟಿಎಸ್‌ಎಚ್ 0.04. ಪೂರ್ತಿ 200 ಈಗ ರಕ್ತಕ್ಕೆ ಸೇರುತ್ತಿತ್ತು. ಇಸಿಜಿ ಬರುವವರೆಗೆ ನನ್ನ ಎದೆಯೂ ಹೊಡೆದುಕೊಳ್ಳುತ್ತಿತ್ತು. ಪುಣ್ಯಕ್ಕೆ ಲಯ ತಪ್ಪಿರಲಿಲ್ಲ. 100ಕ್ಕೆ ಇಳಿಸಿದೆ. ಈಗ ಟಿಎಸ್‌ಎಚ್ ಎರಡು ಚಿಲ್ಲರೆಯಲ್ಲಿ ನಿಂತಿದೆ. ಅವತ್ತಿನಿಂದ, ತಗೊಳ್ಳುವ ಹೊತ್ತು ಸರಿಪಡಿಸಿದರೆ ಡೋಸನ್ನೂ ಅವತ್ತೇ ತೂಕದ ಲೆಕ್ಕಕ್ಕೆ ತರುತ್ತೇನೆ.

ಹೊಸಬರ ವಿಷಯಕ್ಕೆ ಬರೋಣ. ಟಿಎಸ್‌ಎಚ್ 10ರೊಳಗಿದ್ದು ಫ್ರೀ ಟಿ4 (ರಕ್ತದಲ್ಲಿರುವ ಥೈರಾಯ್ಡ್ ಹಾರ್ಮೋನು) ಸರಿ ಇದ್ದರೆ, ಎರಡು ಮೂರು ತಿಂಗಳು ಬಿಟ್ಟು ಅದೇ ಲ್ಯಾಬಿನಲ್ಲಿ, ಬೆಳಿಗ್ಗೆ ಅದೇ ಹೊತ್ತಿಗೆ ಮತ್ತೆ ಮಾಡಿಸುತ್ತೇನೆ. ಜೊತೆಗೆ ಒಂದು ಸಲ ಆಂಟಿ ಟಿಪಿಒ, ಅಂದರೆ ದೇಹವೇ ಥೈರಾಯ್ಡ್ ವಿರುದ್ಧ ಪ್ರತಿಕಾಯ ಮಾಡಿಕೊಂಡಿದೆಯಾ ಅಂತ ನೋಡುವ ಪರೀಕ್ಷೆ. ನನ್ನ ನೋಟ್‌ಬುಕ್ಕಿನಲ್ಲಿ ಹತ್ತಿರ ಹತ್ತಿರ 140 ಜನ ಇದ್ದಾರೆ. ಹತ್ತರಲ್ಲಿ ನಾಲ್ಕು ಜನರದ್ದು ಎರಡನೇ ಸಲಕ್ಕೆ ತಾನಾಗಿಯೇ ಸರಿಹೋಗಿತ್ತು. ಮೊದಲ ದಿನವೇ ಬರೆದಿದ್ದರೆ ಇವರೆಲ್ಲ ವರ್ಷಗಟ್ಟಲೆ ಮಾತ್ರೆ ನುಂಗುತ್ತಿದ್ದರು, ಸರಿಹೋಗಿದ್ದಕ್ಕೆ ಹೆಸರು ಮಾತ್ರೆಗೆ ಹೋಗುತ್ತಿತ್ತು. ವಯಸ್ಸಾದವರಲ್ಲಿ ಇನ್ನೂ ಗಟ್ಟಿಯಾಗಿ ಕಾಯುತ್ತೇನೆ. 2017ರ ಟ್ರಸ್ಟ್ ಅಧ್ಯಯನದಲ್ಲಿ 65 ದಾಟಿದ 737 ಜನರನ್ನು ನೋಡಿದ್ದರು. ಮಾತ್ರೆ ಕೊಟ್ಟವರ ಟಿಎಸ್‌ಎಚ್ ಇಳಿಯಿತು, ಸುಸ್ತು ಮಾತ್ರ ಹಾಗೇ ಇತ್ತು. ಟಿಎಸ್‌ಎಚ್ 10 ದಾಟಿ ಎರಡು ಸಲ ಬಂದರೆ ಮಾತು ಬೇರೆ.

ಗರ್ಭಿಣಿಯರಿಗೆ ಈ ಕಾಯುವ ಲೆಕ್ಕ ಇಲ್ಲವೇ ಇಲ್ಲ. ಮೊದಲೇ ಮಾತ್ರೆ ತಗೊಳ್ಳುವವರಿಗೆ, ಗರ್ಭ ನಿಂತಿದೆ ಅಂತ ಗೊತ್ತಾದ ದಿನವೇ ವಾರಕ್ಕೆ ಏಳರ ಬದಲು ಒಂಬತ್ತು ಮಾತ್ರೆ ತಗೊಂಡು, ಆಮೇಲೆ ಫೋನ್ ಮಾಡಿ ಅಂತ ಮೊದಲೇ ಹೇಳಿರುತ್ತೇನೆ. ಅಲ್ಲಿಂದ ಅರ್ಧ ಗರ್ಭಾವಸ್ಥೆಯವರೆಗೆ ನಾಲ್ಕು ವಾರಕ್ಕೊಂದು ಟಿಎಸ್‌ಎಚ್.

ದುಡ್ಡಿನ ವಿಷಯ. ಮಾತ್ರೆ ಅಗ್ಗ, ಪರೀಕ್ಷೆಗಳೇ ದುಬಾರಿ. ಟಿ3, ಟಿ4, ಟಿಎಸ್‌ಎಚ್ ಮೂರರ ಪ್ಯಾಕೇಜು ಬರೆಯುವುದು ಬಿಟ್ಟು ಟಿಎಸ್‌ಎಚ್ ಒಂದೇ ಬರೆಯತೊಡಗಿದೆ. ಅದು ತಪ್ಪಿದ್ದರೆ ಮಾತ್ರ ಅದೇ ರಕ್ತದಲ್ಲಿ ಫ್ರೀ ಟಿ4. ಹೈಪೋ ಇರುವವರಿಗೆ ಟಿ3 ಬರೆಯುವುದೇ ಇಲ್ಲ. ಅವರ ಲ್ಯಾಬಿನ ಖರ್ಚು ಮೂರನೇ ಒಂದು ಭಾಗಕ್ಕೆ ಇಳಿದಿರಬೇಕು. ವರ್ಷಕ್ಕೆ ಆರೇಳು ಸಲ ಬರುತ್ತಿದ್ದವರು ಎರಡು ಸಲ ಬರತೊಡಗಿದರು. ಹದಿನೈದು ದಿನಕ್ಕೆಲ್ಲ ಟಿಎಸ್‌ಎಚ್ ನೋಡಿ ಡೋಸ್ ಎಳೆದಾಡುವುದೂ ನಿಂತಿತು. ಈ ಮಾತ್ರೆಯ ಅರ್ಧಾಯುಷ್ಯವೇ ಒಂದು ವಾರ, ಆರು ವಾರಕ್ಕಿಂತ ಮೊದಲು ಬರುವ ನಂಬರು ಸುಮ್ನೆ ಗಾಬರಿ ಹುಟ್ಟಿಸುತ್ತದೆ. ಇದರಿಂದ ನನ್ನ ಆದಾಯ ಮೊದಲ ವರ್ಷ ಕಾಲು ಭಾಗದಷ್ಟು ಬಿತ್ತು. ಮನೆಯಲ್ಲೂ ಕೇಳಿದರು. ಎರಡನೇ ವರ್ಷದ ಕೊನೆಗೆ ತುಂಬಿಕೊಂಡಿತು. ಬಿಟ್ಟುಹೋದವರಲ್ಲಿ ಕೆಲವರು ಅಕ್ಕತಂಗಿಯರನ್ನೂ ಕರೆದುಕೊಂಡು ಬಂದರು.

ಹೈಪರ್ ಕಡೆ ಒಂದು ಸಲ ಕೈ ಸುಟ್ಟುಕೊಂಡಿದ್ದೇನೆ. ಹೆರಿಗೆಯಾಗಿ ಮೂರು ತಿಂಗಳಾಗಿದ್ದ ಹುಡುಗಿ, ಟಿಎಸ್‌ಎಚ್ 0.02. ಗ್ರೇವ್ಸ್ (ದೇಹದ ಪ್ರತಿಕಾಯಗಳೇ ಗ್ರಂಥಿಯನ್ನು ಕೆರಳಿಸುವ ಕಾಯಿಲೆ) ಅಂದುಕೊಂಡು, ಗ್ರಂಥಿ ಹಾರ್ಮೋನು ತಯಾರಿಸದಂತೆ ತಡೆಯುವ ಕಾರ್ಬಿಮಜೋಲ್ ಕೊಟ್ಟೆ. ಎರಡು ತಿಂಗಳಲ್ಲಿ ಟಿಎಸ್‌ಎಚ್ 40 ದಾಟಿತು. ಅದು ಹೆರಿಗೆ ನಂತರದ ಥೈರಾಯ್ಡೈಟಿಸ್, ಅಂದರೆ ಗ್ರಂಥಿಯ ಉರಿಯೂತ. ಗ್ರಂಥಿ ಹೊಸದಾಗಿ ಏನೂ ತಯಾರಿಸುತ್ತಿರಲಿಲ್ಲ, ಇದ್ದದ್ದು ಸೋರುತ್ತಿತ್ತು. ಅದಕ್ಕೆ ಕಾರ್ಬಿಮಜೋಲ್ ಕೊಟ್ಟು ಏನು ಪ್ರಯೋಜನ? ಎದೆ ಬಡಿತಕ್ಕೆ ಪ್ರೊಪ್ರನಲಾಲ್ ಕೊಟ್ಟು ಕಾದಿದ್ದರೆ ಆಗುತ್ತಿತ್ತು. ಈಗ ಕಾರಣ ಸ್ಪಷ್ಟವಿಲ್ಲದಿದ್ದರೆ ಮೊದಲು ಟಿಆರ್‌ಎಬಿ, ಗ್ರೇವ್ಸ್‌ನ ಪ್ರತಿಕಾಯ ಹುಡುಕುವ ಪರೀಕ್ಷೆ. ಕಾರ್ಬಿಮಜೋಲ್ ಬರೆದರೆ ಚೀಟಿಯ ಮೇಲೆ ಕೆಂಪು ಪೆನ್ನಿನಲ್ಲಿ, "ಜ್ವರ, ಗಂಟಲು ನೋವು ಬಂದರೆ ಮಾತ್ರೆ ನಿಲ್ಲಿಸಿ, ಅವತ್ತೇ ರಕ್ತ ಪರೀಕ್ಷೆ" ಅಂತ ಬರೆಯುತ್ತೇನೆ.

ಟಿಆರ್‌ಎಬಿಯನ್ನೂ ಕಣ್ಣುಮುಚ್ಚಿ ನಂಬಬೇಡಿ. ಒಬ್ಬ ಹುಡುಗನಿಗೆ ಟಿಎಸ್‌ಎಚ್, ಟಿ4, ಟಿಆರ್‌ಎಬಿ ಮೂರೂ ರಿಪೋರ್ಟು ಗ್ರೇವ್ಸ್ ಅಂತಲೇ ಹೇಳುತ್ತಿದ್ದವು. ನಾಡಿ 72, ನಡುಕ ಇಲ್ಲ, ತೂಕ ಇಳಿದಿಲ್ಲ. ಕೂದಲು ಉದುರುತ್ತದೆ ಅಂತ ದಿನಾ 10 ಮಿಲಿಗ್ರಾಂ ಬಯೋಟಿನ್ ಅನ್ನುವ ವಿಟಮಿನ್ ನುಂಗುತ್ತಿದ್ದ. ಬಯೋಟಿನ್ ಬಳಸುವ ಕಿಟ್ಟುಗಳಲ್ಲಿ ಅದು ಟಿಎಸ್‌ಎಚ್ ಇಳಿಸಿ, ಟಿ4, ಟಿಆರ್‌ಎಬಿ ಏರಿಸಿ ತೋರಿಸುತ್ತದೆ. ಮೂರು ದಿನ ನಿಲ್ಲಿಸಿ ಮತ್ತೆ ಮಾಡಿಸಿದೆ, ಎಲ್ಲ ನಾರ್ಮಲ್.

ಕೆಲವು ಪ್ರಯೋಗಗಳನ್ನೂ ಮಾಡಿದ್ದೇನೆ. ನನ್ನದೇ ರಕ್ತ ಬೆಳಿಗ್ಗೆ ಎಂಟಕ್ಕೆ ಕೊಟ್ಟೆ, ಸಂಜೆ ನಾಲ್ಕಕ್ಕೆ ಮತ್ತೆ ಕೊಟ್ಟೆ. ಟಿಎಸ್‌ಎಚ್ 3.6 ಇದ್ದದ್ದು 2.2ರ ಆಸುಪಾಸಿಗೆ ಬಂದಿತ್ತು. ಹೊತ್ತು ಬರೆದುಕೊಳ್ಳುವ ಅಭ್ಯಾಸ ಅವತ್ತು ಶುರುವಾಯಿತು. ಬೆಳಿಗ್ಗೆ ಕಾಫಿ ಬಿಡಲಾಗದ ಹತ್ತು ಹನ್ನೆರಡು ಜನರಿಗೆ ಮಾತ್ರೆಯನ್ನು ರಾತ್ರಿ ಮಲಗುವಾಗ, ಊಟವಾಗಿ ಮೂರು ಗಂಟೆ ಬಿಟ್ಟು ಕೊಟ್ಟೆ. ಇಬ್ಬರನ್ನು ಬಿಟ್ಟು ಎಲ್ಲರಿಗೂ ಒಗ್ಗಿತು. ದಿನಾ ಮರೆಯುತ್ತಿದ್ದ ಒಬ್ಬರಿಗೆ, ಹೃದಯ ಚೆನ್ನಾಗಿದೆ ಅಂತ ಖಾತ್ರಿ ಮಾಡಿಕೊಂಡು, ಇಡೀ ವಾರದ ಡೋಸನ್ನು ಒಟ್ಟಿಗೆ ಪ್ರತಿ ಸೋಮವಾರ ನನ್ನ ಎದುರಿಗೇ ನುಂಗಿಸಿದೆ. ಟಿಎಸ್‌ಎಚ್ 60ರಿಂದ ಎರಡು ತಿಂಗಳಲ್ಲಿ 6ಕ್ಕೆ ಬಂತು.

ಯಾರು ಮಾತ್ರೆ ಮರೆಯುತ್ತಾರೆ ಅಂತ ಒಂದೇ ಪ್ರಶ್ನೆಯಲ್ಲಿ ಪತ್ತೆ ಮಾಡುತ್ತೇನೆ. ಅದನ್ನು ಇಲ್ಲಿ ಬರೆಯುವುದಿಲ್ಲ. ಪೇಷಂಟುಗಳೂ ಓದುತ್ತಾರೆ ಅಲ್ವಾ, ಗೊತ್ತಾದರೆ ಅದು ಕೆಲಸಕ್ಕೆ ಬರುವುದಿಲ್ಲ.

ಹೋದ ವಾರ, ಮೊದಲು ನನಗೆ ಬುದ್ಧಿ ಹೇಳಿದ್ದ ಡಾಕ್ಟರೇ ಒಬ್ಬರನ್ನು ಕಳಿಸಿದ್ದರು. 70 ಕೆಜಿ, 175 ಮೈಕ್ರೊಗ್ರಾಂ, ಟಿಎಸ್‌ಎಚ್ 22. ಚೀಲ ಬಿಚ್ಚಿಸಿದೆ, ಕ್ಯಾಲ್ಸಿಯಂ ಸಿಕ್ಕಿತು. ಅದನ್ನು ರಾತ್ರಿಗೆ ಹಾಕಿ ಡೋಸನ್ನು 125ಕ್ಕೆ ಇಳಿಸಿದೆ. ಚೀಟಿ ನೋಡಿ ಅವರು ಫೋನ್ ಮಾಡಿದರು. "22 ಇದೆ, ಇಳಿಸ್ತಿದೀರಲ್ಲ?" ಅಂದರು. ಆರು ವಾರ ಕೊಡಿ ಸರ್ ಅಂದೆ. ಸರಿ ಅಂದರು.