ದಿನಕ್ಕೆ ನಾಲ್ಕೇ ನಿಮಿಷ: ಧಾರವಾಡದಲ್ಲಿ ಕ್ಯಾಮೆರಾ ಕಲಿಸಿದ ನನ್ನ ಅನುಭವ

“ಅಲ್ರೀ ಸರ್, ಕ್ಯಾಮೆರಾ ಸ್ಕ್ರೀನಿಗೆ ಟೇಪ್ ಹಚ್ಚಿ ಏನ್ ಕಲಸ್ತೀರಿ? ಹುಡುಗ್ರು ವಾರದಾಗ ಓಡಿ ಹೋಗ್ತಾರ” ಅಂತ ಹುಬ್ಬಳ್ಳಿಯ ಸ್ಟುಡಿಯೋ ಗೆಳೆಯರು ನಕ್ಕಿದ್ದರು. ಮೊದಲ ಬ್ಯಾಚಿನಲ್ಲಿ ಅರ್ಧ ಜನ ಓಡಿದ್ದೂ ನಿಜ. ಉಳಿದವರಲ್ಲಿ ಇಬ್ಬರು ಈಗ ಬೆಂಗಳೂರಿನಲ್ಲಿ ಫೋಕಸ್ ಪುಲ್ಲರ್, ಅಂದರೆ ಶೂಟಿಂಗಿನಲ್ಲಿ ಲೆನ್ಸಿನ ಫೋಕಸ್ ನೋಡಿಕೊಳ್ಳುವವರು. ನಕ್ಕ ಗೆಳೆಯರಲ್ಲೊಬ್ಬರು ತಮ್ಮ ಮಗನನ್ನೇ ನನ್ನ ಹತ್ರ ಕಳಿಸಿದ್ದಾರೆ.

ನನ್ನ ದಾರಿ ಹೊಸದೇನಲ್ಲ. ಮದುವೆ ವಿಡಿಯೋ, ಆಮೇಲೆ ಬೆಂಗಳೂರಿನಲ್ಲಿ ಅಸಿಸ್ಟೆಂಟ್, ಅಸೋಸಿಯೇಟ್, ನಂತರ ನನ್ನದೇ ಹೆಸರಲ್ಲಿ ಮೂರ್ನಾಲ್ಕು ಸಿನಿಮಾ. ಒಂದರ ದುಡ್ಡು, ಒಂದೂವರೆ ಲಕ್ಷದ ಹತ್ತಿರ, ಇನ್ನೂ ಬಂದಿಲ್ಲ. ಬರುವುದೂ ಇಲ್ಲ ಬಿಡಿ. ಅಮ್ಮನಿಗೆ ಹುಷಾರಿಲ್ಲ ಅಂತ ಧಾರವಾಡಕ್ಕೆ ಬಂದವನು ಇಲ್ಲೇ ಉಳಿದೆ.

ಫಿಲ್ಮ್ ನೆಗೆಟಿವ್ ಕಾಲದ ಶಿಸ್ತು ಮಾತ್ರ ಬಿಡಲಿಲ್ಲ. 35 ಎಂಎಂನ 400 ಅಡಿ ಫಿಲ್ಮ್ ಕ್ಯಾನ್ ಅಂದರೆ ಹೆಚ್ಚುಕಮ್ಮಿ ನಾಲ್ಕೂವರೆ ನಿಮಿಷ. ಅದಕ್ಕೇ ಹುಡುಗರಿಗೆ ದಿನಕ್ಕೆ ನಾಲ್ಕು ನಿಮಿಷ ರೆಕಾರ್ಡಿಂಗ್, ಅಷ್ಟೇ. ಕ್ಯಾಮೆರಾ ಹಳೆ ಡಿಎಸ್‌ಎಲ್‌ಆರ್. ಅದರ ಸ್ಕ್ರೀನಿಗೆ ಟೇಪ್ ಹಚ್ಚಿರುತ್ತೇನೆ, ವ್ಯೂಫೈಂಡರಿನ ಕಿಂಡಿಯಲ್ಲಿ ಕಣ್ಣಿಟ್ಟು ಫ್ರೇಮ್ ಕಟ್ಟಬೇಕು. ವಿಡಿಯೋಗೆ ಹಾಕಿದ ಕೂಡಲೇ ಅದೂ ಕತ್ತಲೆ. ಫೋಕಸ್‌ಗೆ ದೂರವನ್ನು ಅಳತೆ ಟೇಪ್ ಹಿಡಿದು ಅಳೆಯಬೇಕು, ಅಪರ್ಚರ್ (ಲೆನ್ಸಿನ ಕಿಂಡಿ ಎಷ್ಟು ತೆರೆಯಬೇಕು ಅನ್ನೋದು) ಬೆಳಕಿನ ಮೀಟರ್ ನೋಡಿ ವಹಿಯಲ್ಲಿ ಬರೆಯಬೇಕು. ಏನು ಬಂದಿದೆ ಅಂತ ಸಂಜೆ ಲ್ಯಾಪ್‌ಟಾಪಿನಲ್ಲೇ ಗೊತ್ತಾಗೋದು. ಆಗ ಮುಖಗಳನ್ನು ನೋಡಬೇಕು ನೀವು!

ದೊಡ್ಡ ತಲೆನೋವು ಲೈಟಿನದು. ಬೆಂಗಳೂರಿನಿಂದ ಬಿಸಿಲಿನಂಥ ಬೆಳಕು ಕೊಡುವ ಒಂದು ಎಚ್‌ಎಂಐ ತರಿಸಿದರೆ ಬಾಡಿಗೆ, ಜನರೇಟರ್, ಲೈಟ್‌ಮ್ಯಾನ್, ಗಾಡಿ ಎಲ್ಲ ಸೇರಿ ಇಪ್ಪತ್ತು ಸಾವಿರ ನೀರಾಗುತ್ತಿತ್ತು. ಫೀ ತಲೆಗೆ ಎಂಟು ಸಾವಿರ. ಮೊದಲ ಬ್ಯಾಚಿನಲ್ಲಿ ಕೈಯಿಂದಲೇ ನಲವತ್ತು ಸಾವಿರ ಹೋಯಿತು. ಮದುವೆ ಸೀಸನ್ ಬಂದು ಉಳಿಸಿತು.

ಆಮೇಲೆ ಕನ್ನಡಿಗೆ ಬಂದೆ. ಮೈಸೂರಿನಲ್ಲಿ ಹುಟ್ಟಿದ ಕ್ಯಾಮೆರಾಮನ್ ವಿ.ಕೆ. ಮೂರ್ತಿಯವರು 1959ರ ಹಿಂದಿ ಸಿನಿಮಾ ‘ಕಾಗಜ್ ಕೆ ಫೂಲ್’ನಲ್ಲಿ ಕನ್ನಡಿಯಿಂದ ಸ್ಟುಡಿಯೋ ಒಳಗೆ ಬಿಸಿಲು ತಂದದ್ದು ನಮ್ಮ ಕಸುಬಿನವರಿಗೆಲ್ಲ ಗೊತ್ತು. ನಾನು ಹಳೆ ಡ್ರೆಸ್ಸಿಂಗ್ ಟೇಬಲ್‌ ಕನ್ನಡಿಗಳನ್ನು ಆರುನೂರು, ಏಳುನೂರಕ್ಕೆ ತಂದೆ. ಒಂದು ಅಂಗಳದಲ್ಲಿ ಬಿಸಿಲು ಹಿಡಿಯಲು, ಇನ್ನೊಂದು ಪಡಸಾಲೆಯಲ್ಲಿ ಅದನ್ನು ತಿರುಗಿಸಲು. ಲೋಬಾನದ ಹೊಗೆ ಹಾಕಿದರೆ ಬಿಸಿಲಿನ ಕೋಲು ಕೈಯಲ್ಲಿ ಹಿಡಿಯುವ ಹಾಗೆ ಕಾಣುತ್ತದೆ. ಆದರೆ ಸೂರ್ಯ ನಿಲ್ಲಲ್ಲ ಅಲ್ವಾ? ನಾಲ್ಕು ನಿಮಿಷಕ್ಕೆ ಒಂದು ಡಿಗ್ರಿ. ಮೂವತ್ತು ಅಡಿ ದೂರದ ಗೋಡೆ ಮೇಲೆ ಬೆಳಕು ಅರ್ಧ ಅಡಿ ಸರಿದಿರುತ್ತದೆ. ಒಂದು ಕನ್ನಡಿ ಗಾಳಿಗೆ ಬಿದ್ದು ಚೂರಾಯಿತು, ಇನ್ನೊಂದನ್ನು ಆಕಳು ಕೆಡವಿತು. ಈಗ ಹುಡುಗನೊಬ್ಬ ಕನ್ನಡಿಯ ಪಕ್ಕದಲ್ಲೇ ಕೂತು ತಿರುಗಿಸುತ್ತಾನೆ. ಕನ್ನಡಿ ಮುಂದೆ ಏನು ಕಟ್ಟಿ ಬೆಳಕು ಮೆತ್ತಗೆ ಮಾಡುತ್ತೇನೆ ಅನ್ನೋದನ್ನು ಇಲ್ಲಿ ಹೇಳಲ್ಲ. ಬೆಟಗೇರಿಯಲ್ಲಿ ಸಿಗುವ ಸಾಮಾನು, ಅಷ್ಟು ಸಾಕು.

ನಡುವೆ ಸುಮ್ನೆ ಬ್ಯಾಡಗಿಗೂ ಹೋಗಿದ್ದೆವು. ಮಾರ್ಚಿನ ಬಿಸಿಲಲ್ಲಿ ಮೆಣಸಿನಕಾಯಿ ರಾಶಿ. ಮೀಟರ್ ಸರಿ ಅಂದಿತ್ತು. ಸಂಜೆ ನೋಡಿದರೆ ರಾಶಿಯೆಲ್ಲ ಕೆಂಪು ಬಣ್ಣ ಬಳಿದ ಗೋಡೆ, ಒಂದು ಕಾಯಿಯ ಸುಕ್ಕೂ ಇಲ್ಲ. ಕ್ಯಾಮೆರಾ ಬೆಳಕನ್ನು ಕೆಂಪು, ಹಸಿರು, ನೀಲಿ ಅಂತ ಮೂರು ಚಾನೆಲ್ ಆಗಿ ಹಿಡಿಯುತ್ತದೆ. ಹಸಿರು, ನೀಲಿ ಚಾನೆಲ್ ಖಾಲಿ, ಕೆಂಪೊಂದೇ ತುಂಬಿ ಒಡೆದು ಹೋಗಿತ್ತು. ಮೀಟರ್ ಒಟ್ಟು ಬೆಳಕು ಅಳೆಯುತ್ತದೆ, ಯಾವ ಚಾನೆಲ್ ತುಂಬಿತು ಅಂತ ಅದಕ್ಕೇನು ಗೊತ್ತು? ಬೆಳಕನ್ನು ಒಂದು, ಒಂದೂವರೆ ಸ್ಟಾಪ್ (ಒಂದು ಸ್ಟಾಪ್ ಇಳಿಸಿದರೆ ಬೆಳಕು ಅರ್ಧ) ಇಳಿಸಿದ ಮೇಲೆ ತೊಟ್ಟು, ಸುಕ್ಕು ಎಲ್ಲ ಬಂತು. ಬಿಳಿ ಬಿಳಿಯಾಗೇ ಕಾಣುವ ಹಾಗೆ ಬಣ್ಣ ಹೊಂದಿಸುವ ವೈಟ್ ಬ್ಯಾಲೆನ್ಸಿನಲ್ಲಿ ಇನ್ನೊಂದು ಸಣ್ಣ ಕೈಚಳಕ ಇದೆ. ಅದು ಫೀ ಕಟ್ಟಿದವರಿಗೆ.

ಲಕ್ಕುಂಡಿಯಲ್ಲಿ ಇದರ ಉಲ್ಟಾ. ಗುಡಿಯೊಳಗಿನ ಕಪ್ಪು ಕಲ್ಲನ್ನು ಕ್ಯಾಮೆರಾದ ಮೀಟರ್ ಬೂದಿ ಬಣ್ಣ ಮಾಡಿಬಿಡುತ್ತದೆ. ಕಂಬದ ಹೊಳಪು ಹಿಡಿಯೋದು ಇನ್ನೂ ಪೂರ್ತಿ ಒಲಿದಿಲ್ಲ.

ಈಗ ಬ್ಯಾಚಿಗೆ ಹತ್ತೇ ಜನ, ಫೀ ಹನ್ನೆರಡು ಸಾವಿರ. ಖರ್ಚು ಕಳೆದು ಐವತ್ತು, ಅರವತ್ತು ಸಾವಿರ ಉಳಿಯುತ್ತದೆ. ಮಗನನ್ನು ಕಳಿಸಿದ ಗೆಳೆಯರು ಸ್ವಲ್ಪ ಕಮ್ಮಿ ಮಾಡ್ರಿ ಅಂದರು. ಅವರಿಗೆ ಮಾತ್ರ ಒಂದು ರೂಪಾಯಿಯೂ ಬಿಡಲಿಲ್ಲ.