ಕಾರು ನನ್ನದು, ಟೋಲ್ ಕಟ್ಟಿದ್ದು ಇನ್ಯಾರೋ

"ಶನಿವಾರ ಸಂಜೆ ಏಳಕ್ಕೆ ಗಣಂಗೂರು ದಾಟಿದ್ರಲ್ಲ, ಮಳೆ ಜೋರಿತ್ತಾ?"

ಫೋನ್ ಮಾಡಿದವರು ನನಗೆ ಕಾರು ಮಾರಿದ ನಿವೃತ್ತ ಮೇಷ್ಟ್ರು. ನಾನು ಎಲ್ಲಿದ್ದೆ ಅಂತ ಇವರಿಗೆ ಹೇಗೆ ಗೊತ್ತು ಅಂತ ಒಂದು ಕ್ಷಣ ಗಾಬರಿಯಾಯಿತು. ಅವರೇ ನಗುತ್ತಾ ಬಿಡಿಸಿ ಹೇಳಿದರು. ಕಾರಿನ ಗಾಜಿನ ಮೇಲಿದ್ದ ಫಾಸ್ಟ್ಯಾಗ್ ಇನ್ನೂ ಅವರ ಬ್ಯಾಂಕ್ ಖಾತೆಯದ್ದೇ. ನಾನು ಟೋಲ್ ದಾಟಿದಾಗಲೆಲ್ಲ ಅವರ ಮೊಬೈಲಿಗೆ ಎಸ್‌ಎಂಎಸ್ ಹೋಗುತ್ತಿತ್ತು, ದುಡ್ಡೂ ಅವರದ್ದೇ ಕಟ್ ಆಗುತ್ತಿತ್ತು. ಎರಡು ವಾರ ನಾನು ಪುಕ್ಕಟೆಯಾಗಿ ಮೈಸೂರಿಗೆ ಓಡಾಡಿದ್ದೆ, ನನಗೇ ಗೊತ್ತಿಲ್ಲದ ಹಾಗೆ.

ಇದು 2023ರ ಆಗಸ್ಟ್. ಬೆಂಗಳೂರು-ಮೈಸೂರು ಹೊಸ ಹೆದ್ದಾರಿ ಆ ವರ್ಷದ ಮಾರ್ಚಿನಲ್ಲಿ ಉದ್ಘಾಟನೆಯಾಗಿತ್ತು. ಮೊದಲ ಭಾಗಕ್ಕೆ ಮಾರ್ಚಿನಲ್ಲೇ ಟೋಲ್ ಶುರುವಾಯಿತು, ಶ್ರೀರಂಗಪಟ್ಟಣದ ಹತ್ತಿರದ ಗಣಂಗೂರಿನಲ್ಲಿ ಜುಲೈನಿಂದ. ನನ್ನ ಮನೆ ಕೆಂಗೇರಿ ಕಡೆ, ಅಪ್ಪ ಅಮ್ಮ ಇರೋದು ಮೈಸೂರಿನಲ್ಲಿ. ವಾರಕ್ಕೊಮ್ಮೆ ಹೋಗಿ ಬರಬೇಕು ಅಂತಲೇ ಈ ಹಳೇ ಕಾರು ತೆಗೆದುಕೊಂಡಿದ್ದು. ಇಂಜಿನ್ ನೋಡಿದೆ, ಟೈರ್ ನೋಡಿದೆ, ಸರ್ವಿಸ್ ಪುಸ್ತಕ ನೋಡಿದೆ. ಗಾಜಿನ ಮೇಲಿನ ಆ ಚೀಟಿ ಯಾರದ್ದು ಅಂತ ಮಾತ್ರ ಕೇಳಲಿಲ್ಲ. ಕಾರಿನ ಜೊತೆ ಅದೂ ಬಂತು ಅಂದುಕೊಂಡೆ, ಕಾಲಿಗೆ ಹಾಕುವ ಮ್ಯಾಟಿನ ಹಾಗೆ.

ಮೇಷ್ಟ್ರಿಗೆ ಅಷ್ಟೂ ದುಡ್ಡು ಯುಪಿಐ ಮಾಡಿದೆ. ಅವರು ತಮ್ಮ ಬ್ಯಾಂಕಿಗೆ ಹೇಳಿ ಟ್ಯಾಗ್ ಮುಚ್ಚಿಸಿದರು, ಡೆಪಾಸಿಟ್ ವಾಪಸ್ ಪಡೆದರು. ನ್ಯಾಯವಾಗಿಯೇ ಇತ್ತು. ಆದರೆ ಮುಚ್ಚಿದ ಮರುದಿನವೇ ನಾನು ಹೊರಟಿದ್ದೆ. ಗೇಟು ತೆರೆಯಲಿಲ್ಲ. ಟೋಲಿನ ಹುಡುಗ ಕೈಯಲ್ಲಿ ಹಿಡಿಯುವ ಸ್ಕ್ಯಾನರ್ ತಂದು ಗಾಜಿಗೆ ಹಿಡಿದ. "ಬ್ಲ್ಯಾಕ್‌ಲಿಸ್ಟ್ ಸಾರ್, ಡಬಲ್ ಕೊಡಬೇಕು" ಅಂದ. ಹಿಂದೆ ಹಾರ್ನೋ ಹಾರ್ನು. ವಾದ ಮಾಡಲು ನನ್ನ ಹತ್ತಿರ ಏನೂ ಇರಲಿಲ್ಲ. 2021ರ ಫೆಬ್ರವರಿಯಿಂದಲೇ ರಾಷ್ಟ್ರೀಯ ಹೆದ್ದಾರಿಯಲ್ಲಿ ಸರಿಯಾದ ಟ್ಯಾಗ್ ಇಲ್ಲದಿದ್ದರೆ ದುಪ್ಪಟ್ಟು. ಕೊಟ್ಟೆ.

ಆರ್‌ಸಿ ನನ್ನ ಹೆಸರಿಗೆ ಆಗುವವರೆಗೆ ಹೊಸ ಟ್ಯಾಗಿಗೆ ಅರ್ಜಿ ಹಾಕುವ ಹಾಗಿರಲಿಲ್ಲ. ಆ ಮೂರು ವಾರ ರೈಲಿನಲ್ಲಿ ಹೋಗಿ ಬಂದೆ. ಮದ್ದೂರಿನಲ್ಲಿ ವಡೆ ತಿಂದುಕೊಂಡು, ಕಿಟಕಿ ಪಕ್ಕ ಕೂತು, ಈ ಟ್ಯಾಗ್ ಒಳಗೆ ಏನಿದೆ ಅಂತ ಓದಲು ಶುರು ಮಾಡಿದೆ.

ಆಗ ಗೊತ್ತಾಗಿದ್ದು ಇಷ್ಟು. ಆ ಚೀಟಿಯಲ್ಲಿ ದುಡ್ಡು ಇಲ್ಲ. ಬ್ಯಾಟರಿಯೂ ಇಲ್ಲ. ಒಂದು ಸಣ್ಣ ಚಿಪ್, ಅದರ ಸುತ್ತ ತೆಳುವಾದ ಲೋಹದ ಆಂಟೆನಾ, ಅಷ್ಟೇ. ಟೋಲ್ ಲೇನಿನ ಮೇಲೆ ಚಪ್ಪಟೆ ಪೆಟ್ಟಿಗೆ ನೇತು ಹಾಕಿರುತ್ತಾರಲ್ಲ, ಅದು ರೇಡಿಯೋ ಅಲೆ ಬಿಡುತ್ತದೆ. ಆ ಅಲೆಯ ಶಕ್ತಿಯಿಂದಲೇ ಚಿಪ್ ಎಚ್ಚರಗೊಂಡು ತನ್ನ ನಂಬರ್ ಹೇಳುತ್ತದೆ. ಶಾಲೆಯಲ್ಲಿ ಹಾಜರಿ ಕೂಗಿದಾಗ "ಪ್ರೆಸೆಂಟ್ ಸಾರ್" ಅಂದ ಹಾಗೆ. ಅಷ್ಟು ಹೇಳಿ ಮತ್ತೆ ಮಲಗುತ್ತದೆ.

ಮುಂದಿನ ಕೆಲಸ ಎಲ್ಲ ಬೇರೆ ಕಡೆ. ಟೋಲಿನ ಕಂಪ್ಯೂಟರ್ ಆ ನಂಬರನ್ನು ಟೋಲ್ ಪರವಾಗಿ ದುಡ್ಡು ವಸೂಲಿ ಮಾಡುವ ಬ್ಯಾಂಕಿಗೆ ಕಳಿಸುತ್ತದೆ. ಅಲ್ಲಿಂದ ಎನ್‌ಪಿಸಿಐಗೆ, ಅಂದರೆ ಯುಪಿಐ ನಡೆಸುವವರೇ. ಅವರ ಬಳಿ ಒಂದು ದೊಡ್ಡ ಪಟ್ಟಿ ಇದೆ: ಈ ಟ್ಯಾಗ್ ಯಾವ ಬ್ಯಾಂಕಿನದ್ದು, ಯಾವ ಗಾಡಿ ನಂಬರಿನದ್ದು, ಕಾರೋ ಲಾರಿಯೋ, ಚಾಲ್ತಿಯಲ್ಲಿದೆಯೋ ಮುಚ್ಚಿದೆಯೋ. ಅದನ್ನು ನೋಡಿ ಟ್ಯಾಗ್ ಕೊಟ್ಟ ಬ್ಯಾಂಕಿಗೆ "ಇಷ್ಟು ಕಟ್ ಮಾಡಿ" ಅಂತ ಹೇಳುತ್ತಾರೆ. ಬ್ಯಾಂಕ್ ಕಟ್ ಮಾಡಿ ಎಸ್‌ಎಂಎಸ್ ಹಾಕುತ್ತದೆ. ಗೇಟು ಏಳಲು ಟ್ಯಾಗ್ ಸರಿ ಇದೆ ಅನ್ನುವ ಉತ್ತರ ಸಾಕು. ದುಡ್ಡಿನ ಲೆಕ್ಕ ನಾವು ಮುಂದೆ ಹೋದ ಮೇಲೆ ನಡೆದರೂ ನಡೆಯುತ್ತದೆ.

ಅಂದರೆ ಟ್ಯಾಗ್ ನಂಬರ್, ಗಾಡಿ ನಂಬರ್, ಬ್ಯಾಂಕ್ ಖಾತೆ, ಈ ಮೂರೂ ಒಂದಕ್ಕೊಂದು ಗಂಟು ಹಾಕಿಕೊಂಡಿರಬೇಕು. ಆಮೇಲೆ ನನಗೆ ಬಂದ ತೊಂದರೆಗಳೆಲ್ಲ ಈ ಗಂಟುಗಳಲ್ಲೇ ಯಾವುದೋ ಒಂದು ಸಡಿಲವಾಗಿದ್ದರಿಂದ.

ಹೊಸ ಟ್ಯಾಗ್ ಬಂದ ಮೇಲೆ ಅಂಟಿಸುವುದಕ್ಕೂ ಒಂದು ಪಾಠ ಆಯಿತು. ಗಾಜಿನ ಒಳಭಾಗದಲ್ಲಿ, ಕನ್ನಡಿಯ ಹಿಂದೆ, ನಡುವೆ. ಮೊದಲು ಒದ್ದೆ ಬಟ್ಟೆಯಲ್ಲಿ ಒರೆಸಿ, ಪೂರ್ತಿ ಒಣಗಿಸಿ, ಹೆಬ್ಬೆರಳಿನಿಂದ ಒತ್ತಬೇಕು. ಒಮ್ಮೆ ಅಂಟಿಸಿದ ಮೇಲೆ ಕಿತ್ತು ಸರಿ ಮಾಡೋಣ ಅಂದರೆ ಆಗುವುದಿಲ್ಲ, ಒಳಗಿನ ಆಂಟೆನಾ ಹರಿಯುತ್ತದೆ. ಬೇಕಂತಲೇ ಹಾಗೆ ಮಾಡಿದ್ದಾರೆ, ಒಂದು ಗಾಡಿಯದ್ದನ್ನು ಇನ್ನೊಂದಕ್ಕೆ ಹಾಕಬಾರದು ಅಂತ. ಕೆಲವರು ಅಂಟಿಸದೆ ಕೈಯಲ್ಲೇ ಹಿಡಿದು ತೋರಿಸುತ್ತಾರೆ. 2025ರ ಜುಲೈನಲ್ಲಿ ಹೆದ್ದಾರಿ ಪ್ರಾಧಿಕಾರ ಅಂಥ ಟ್ಯಾಗುಗಳನ್ನು ಬ್ಲ್ಯಾಕ್‌ಲಿಸ್ಟ್ ಮಾಡುತ್ತೇವೆ ಅಂದಿತು. ಒಳ್ಳೆಯದೇ ಆಯಿತು. ಅವರು ಡ್ಯಾಶ್‌ಬೋರ್ಡ್ ಡಬ್ಬಿಯಲ್ಲಿ ಟ್ಯಾಗ್ ಹುಡುಕುವಷ್ಟರಲ್ಲಿ ಹಿಂದೆ ಹತ್ತು ಗಾಡಿ ನಿಂತಿರುತ್ತವೆ.

ಒಂದು ಮಂಗಳವಾರ ಬೆಳಿಗ್ಗೆ ಹನ್ನೊಂದಕ್ಕೆ ಆಫೀಸಿನಲ್ಲಿದ್ದೆ. ಕಾರು ಮನೆ ಕೆಳಗೆ. ಮೊಬೈಲಿಗೆ ಎಸ್‌ಎಂಎಸ್ ಬಂತು, ಯಾವುದೋ ಟೋಲಿನಲ್ಲಿ ದುಡ್ಡು ಕಟ್. ನಾನು ಜೀವಮಾನದಲ್ಲಿ ಹೋಗದ ಊರು. ಕಾರು ಕಳುವಾಯಿತೇನೋ ಅಂತ ಹೆಂಡತಿಗೆ ಫೋನ್ ಮಾಡಿದೆ. "ಇಲ್ಲೇ ಇದೆ, ಮೇಲೆ ಬೆಕ್ಕು ಮಲಗಿದೆ" ಅಂದಳು. ಬೆಕ್ಕಿನ ಸಮೇತ ಒಂದು ಫೋಟೋ ತೆಗೆದು ಕಳಿಸು ಅಂದೆ.

ಬ್ಯಾಂಕಿನ ಆ್ಯಪಿನಲ್ಲಿ ಆ ಕಟ್ ಆದ ಸಾಲಿನ ಮೇಲೆಯೇ ದೂರು ಕೊಡಲು ಜಾಗ ಇರುತ್ತದೆ. ಅಲ್ಲಿ ಬರೆದೆ, ಫೋಟೋ ಹಾಕಿದೆ, ಅಪಾರ್ಟ್‌ಮೆಂಟಿನ ಸಿಸಿಟಿವಿಯ ಒಂದು ಚಿತ್ರವನ್ನೂ ಹಾಕಿದೆ. ಹೆದ್ದಾರಿ ಸಹಾಯವಾಣಿ 1033ಕ್ಕೂ ಹೇಳಿ ದೂರಿನ ಸಂಖ್ಯೆ ತೆಗೆದುಕೊಂಡೆ. ನಮ್ಮ ಬ್ಯಾಂಕ್ ಆ ಕಡೆಯ ಬ್ಯಾಂಕನ್ನು ಕೇಳುತ್ತದೆ, ಅವರು ಲೇನಿನ ಕ್ಯಾಮೆರಾ ಚಿತ್ರ ತೋರಿಸಿ ಸಾಬೀತು ಮಾಡಬೇಕು. ಮೂರು ವಾರದ ಮೇಲೆ ದುಡ್ಡು ವಾಪಸ್ ಬಂತು. ಬ್ಯಾಂಕಿನವರು ಹೇಳಿದ ಕಾರಣ ಸರಳ. ಯಾರದ್ದೋ ಟ್ಯಾಗ್ ಓದಿಲ್ಲ, ಅಲ್ಲಿದ್ದವರು ಗಾಡಿ ನಂಬರನ್ನು ಕೈಯಲ್ಲಿ ಟೈಪ್ ಮಾಡಿದ್ದಾರೆ, 3ರ ಬದಲು 8 ಬಿದ್ದಿದೆ. ಆ 8 ನಾನು. ಸಣ್ಣ ಮೊತ್ತ ಅಂತ ಬಿಡಬಹುದಿತ್ತು. ಆದರೆ ಬಿಟ್ಟರೆ ಅದೇ ಅಭ್ಯಾಸ ಆಗುತ್ತದೆ, ಅಲ್ವಾ?

ಇನ್ನೊಮ್ಮೆ ನಾನೇ ತಪ್ಪು ಮಾಡಿದೆ. ಭಾನುವಾರ ರಾತ್ರಿ ಒಂದೇ ಟೋಲಿನಿಂದ ಎರಡು ಎಸ್‌ಎಂಎಸ್ ಬಂದವು. ಎರಡು ಸಲ ಕಟ್ ಮಾಡಿದ್ದಾರೆ ಅಂತ ಸಿಟ್ಟಿನಲ್ಲಿ ದೂರು ಬರೆಯಲು ಕೂತೆ. ಸ್ಟೇಟ್‌ಮೆಂಟ್ ತೆಗೆದು ನೋಡಿದರೆ ಒಂದು ಶನಿವಾರ ಹೋಗುವಾಗಿನದ್ದು, ತಡವಾಗಿ ಬಂದಿದೆ. ಇನ್ನೊಂದು ಆಗತಾನೆ ಬರುವಾಗಿನದ್ದು. ಎಸ್‌ಎಂಎಸ್ ಬಂದ ಹೊತ್ತು ಬೇರೆ, ಟ್ಯಾಗ್ ಓದಿದ ಹೊತ್ತು ಬೇರೆ. ನೋಡಬೇಕಾದ್ದು ಎರಡನೆಯದನ್ನು. ಬರೆದದ್ದನ್ನು ಅಳಿಸಿ ಸುಮ್ನೆ ಮಲಗಿದೆ.

ಆ ಸ್ಟೇಟ್‌ಮೆಂಟ್ ನೋಡುವಾಗಲೇ ಇನ್ನೊಂದು ವಿಷಯ ಕಣ್ಣಿಗೆ ಬಿತ್ತು. 24 ಗಂಟೆಯೊಳಗೆ ವಾಪಸ್ ಬಂದರೆ ಬರುವಾಗ ಅರ್ಧ ದರ ಮಾತ್ರ ಕಟ್ ಆಗುತ್ತದೆ. ಹೋಗಿ ಬರುವುದಕ್ಕೆ ಒಟ್ಟು ಒಂದೂವರೆ ಪಟ್ಟು. ಅದಕ್ಕೆ ಏನೂ ಕೇಳಬೇಕಿಲ್ಲ, ಲೆಕ್ಕ ತಾನಾಗಿಯೇ ಆಗುತ್ತದೆ. ನಾನು ಶನಿವಾರ ಬೆಳಿಗ್ಗೆ ಹೋಗಿ ಭಾನುವಾರ ಸಂಜೆ ಬರುತ್ತಿದ್ದಾಗ ಅದು ಪ್ರತಿ ಸಲ ತಪ್ಪಿ ಹೋಗುತ್ತಿತ್ತು. ಆಮೇಲೆ ಶನಿವಾರ ಸಂಜೆ ಹೊರಡಲು ಶುರು ಮಾಡಿದೆ. ಅಮ್ಮನಿಗೆ ಮಾತ್ರ ಇದು ಇಷ್ಟವಾಗಲಿಲ್ಲ. "ಟೋಲಿಗೆ ಹೆದರಿ ಮಗ ಒಂದು ಊಟ ಕಮ್ಮಿ ಮಾಡಿದ" ಅಂತ ಪಕ್ಕದ ಮನೆಯವರಿಗೆಲ್ಲ ಹೇಳಿದರು.

ನಡುವೆ ರಾಮನಗರದ ಹತ್ತಿರ ಲಾರಿ ಚಕ್ರದಿಂದ ಕಲ್ಲು ಹಾರಿ ಗಾಜು ಬಿರುಕು ಬಿಟ್ಟಿತು. ವಿಮೆಯಲ್ಲಿ ಹೊಸ ಗಾಜು ಬಂತು. ಹಳೇ ಗಾಜಿನ ಜೊತೆ ಟ್ಯಾಗ್ ಗುಜರಿಗೆ ಹೋಯಿತು. ಈ ಸಲ ಎಚ್ಚರವಾಗಿದ್ದೆ. ಗ್ಯಾರೇಜಿಗೆ ಬಿಡುವ ಮೊದಲೇ ಅದೇ ಬ್ಯಾಂಕಿನಲ್ಲಿ ಬದಲಿ ಟ್ಯಾಗ್ ಕೇಳಿದ್ದೆ. ಖಾತೆ ಅದೇ, ಉಳಿದ ದುಡ್ಡು ಅದೇ, ಟ್ಯಾಗ್ ನಂಬರ್ ಮಾತ್ರ ಹೊಸದು.

2025ರ ಆಗಸ್ಟ್ 15ರಿಂದ ವಾರ್ಷಿಕ ಪಾಸ್ ಬಂತು. ಆಗ 3,000 ರೂಪಾಯಿ, ಒಂದು ವರ್ಷ ಅಥವಾ 200 ಸಲ ದಾಟುವುದು, ಯಾವುದು ಮೊದಲೋ ಅದು. ಖಾಸಗಿ ಕಾರು, ಜೀಪು, ವ್ಯಾನಿಗೆ ಮಾತ್ರ, ಹಳದಿ ಬೋರ್ಡಿಗೆ ಇಲ್ಲ. ನಾನು ಕ್ಯಾಲೆಂಡರ್ ಮುಂದಿಟ್ಟುಕೊಂಡು ಲೆಕ್ಕ ಹಾಕಿದೆ. ಮೈಸೂರಿಗೆ ಹೋಗುವಾಗ ಎರಡು ಟೋಲ್, ಕಣಿಮಿಣಿಕೆ ಮತ್ತು ಗಣಂಗೂರು. ಬರುವಾಗ ಗಣಂಗೂರು, ಆಮೇಲೆ ಬಿಡದಿ ಹತ್ತಿರದ ಶೇಷಗಿರಿಹಳ್ಳಿ. ಒಟ್ಟು ನಾಲ್ಕು. 52 ವಾರ ಅಂದರೆ 208. ಎಂಟು ಜಾಸ್ತಿ! ಎರಡು ವಾರ ಅಪ್ಪ ಅಮ್ಮನೇ ಇಲ್ಲಿಗೆ ಬರಲಿ ಅಂದುಕೊಂಡೆ. ಒಂದು ಸಲಕ್ಕೆ 15 ರೂಪಾಯಿ ಬೀಳುತ್ತದೆ. ಒಂದು ಕಡೆಗೇ ಮುನ್ನೂರರ ಮೇಲೆ ಕೊಡುತ್ತಿದ್ದವನಿಗೆ ಯೋಚನೆ ಮಾಡುವ ಮಾತೇ ಇರಲಿಲ್ಲ. ಆರೇಳು ವಾರಕ್ಕೇ ಗಿಟ್ಟಿತು. ಅಮ್ಮನಿಗೂ ಸಮಾಧಾನ, ಈಗ ಮತ್ತೆ ಶನಿವಾರ ಬೆಳಿಗ್ಗೆಯೇ ಹೋಗುತ್ತೇನೆ. ಪಾಸಿಗೆ 24 ಗಂಟೆಯ ಹಂಗಿಲ್ಲ.

ಪಾಸ್ ಮಾಡಿಸಿದ್ದು ಸೆಪ್ಟೆಂಬರ್ ಮೊದಲ ವಾರ, ಹೆದ್ದಾರಿ ಪ್ರಾಧಿಕಾರದ ರಾಜಮಾರ್ಗಯಾತ್ರಾ ಆ್ಯಪಿನಲ್ಲಿ. ಗಾಡಿ ನಂಬರ್ ಹಾಕಿದರೆ ಟ್ಯಾಗ್ ಸರಿ ಇದೆಯೇ ಅಂತ ಅದೇ ನೋಡುತ್ತದೆ. ಟ್ಯಾಗ್ ಗಾಡಿ ನಂಬರಿಗೇ ಜೋಡಣೆಯಾಗಿರಬೇಕು. ಶೋರೂಮಿನಲ್ಲಿ ಚಾಸಿ ನಂಬರ್ ಮೇಲೆ ಕೊಟ್ಟು ಹಾಗೇ ಬಿಟ್ಟ ಟ್ಯಾಗಿಗೆ ಪಾಸ್ ಸಿಗುವುದಿಲ್ಲ. ನನ್ನ ಸ್ನೇಹಿತ ಅಲ್ಲೇ ಸಿಕ್ಕಿಕೊಂಡ. ಟ್ಯಾಗಿನಲ್ಲಿರುವ ದುಡ್ಡಿನಿಂದ ಪಾಸ್ ಕೊಳ್ಳಲು ಬರುವುದಿಲ್ಲ, ಬೇರೆಯಾಗಿಯೇ ಕಟ್ಟಬೇಕು. ಹೊಸ ಚೀಟಿ ಏನೂ ಬರುವುದಿಲ್ಲ, ಇರುವ ಟ್ಯಾಗಿನ ಮೇಲೆಯೇ ಪಾಸ್ ಕೂರುತ್ತದೆ. ಬೆಳಿಗ್ಗೆ ಕಟ್ಟಿದ್ದು ಮಧ್ಯಾಹ್ನದ ಊಟದ ಹೊತ್ತಿಗೆ ಚಾಲೂ ಆಗಿತ್ತು.

ಪಾಸ್ ಇದೆ ಅಂತ ಟ್ಯಾಗಿನ ಖಾತೆಯನ್ನು ಖಾಲಿ ಬಿಟ್ಟಿದ್ದು ನನ್ನ ಇನ್ನೊಂದು ತಪ್ಪು. ಪಾಸ್ ನಡೆಯುವುದು ರಾಷ್ಟ್ರೀಯ ಹೆದ್ದಾರಿ, ರಾಷ್ಟ್ರೀಯ ಎಕ್ಸ್‌ಪ್ರೆಸ್‌ವೇಗಳಲ್ಲಿ ಮಾತ್ರ. ರಾಜ್ಯ ಹೆದ್ದಾರಿಯ ಟೋಲಿಗೆ, ಬೆಂಗಳೂರಿನ ನೈಸ್ ರಸ್ತೆಗೆ ಅದು ಲೆಕ್ಕಕ್ಕಿಲ್ಲ. ಒಂದು ಮದುವೆಗೆ ಹೋಗುವಾಗ ರಾಜ್ಯ ಹೆದ್ದಾರಿಯಲ್ಲಿ ಗೇಟಿನ ಮುಂದೆ ನಿಂತೇ ರೀಚಾರ್ಜ್ ಮಾಡಿದೆ. ದುಡ್ಡು ಹೋಯಿತು, ಬ್ಯಾಂಕಿನಲ್ಲಿ ಬ್ಯಾಲೆನ್ಸ್ ಕಾಣಿಸುತ್ತಿದೆ, ಟೋಲಿನ ಪರದೆಯಲ್ಲಿ ಮಾತ್ರ ಇನ್ನೂ ಇಲ್ಲ. ದೇವರು ವರ ಕೊಟ್ಟರೂ ಪೂಜಾರಿ ಕೊಡ. ಈಗ ಯಾವಾಗಲೂ ಐನೂರು ಇಟ್ಟಿರುತ್ತೇನೆ.

ಇನ್ನು ದುಪ್ಪಟ್ಟಿನ ವಿಷಯ. 2025ರ ನವೆಂಬರ್ 15ರಿಂದ ಬಂದ ನಿಯಮದಲ್ಲಿ ಟ್ಯಾಗ್ ಕೈಕೊಟ್ಟಾಗ ನಗದು ಕೊಟ್ಟರೆ ಎರಡು ಪಟ್ಟು, ಯುಪಿಐ ಮಾಡಿದರೆ ಒಂದೂಕಾಲು ಪಟ್ಟು ಅಂತಿತ್ತು. 100 ರೂಪಾಯಿ ಟೋಲಿಗೆ 200 ಅಥವಾ 125. ಆದರೆ ಇನ್ನೊಂದು ನಿಯಮ 2018ರಿಂದಲೇ ಇದೆ, ತುಂಬ ಜನ ಕೇಳಿಯೇ ಇಲ್ಲ. ನಿಮ್ಮ ಟ್ಯಾಗ್ ಚೆನ್ನಾಗಿದ್ದು, ಖಾತೆಯಲ್ಲಿ ದುಡ್ಡೂ ಇದ್ದು, ಟೋಲಿನ ಯಂತ್ರವೇ ಕೆಟ್ಟಿದ್ದರೆ ಒಂದು ಪೈಸೆ ಕೊಡಬೇಕಿಲ್ಲ. ಸೊನ್ನೆ ಮೊತ್ತದ ರಸೀದಿ ಕೊಟ್ಟು ಬಿಡಬೇಕು. ನಾನು ಒಮ್ಮೆ ಕೇಳಿ ಪಡೆದಿದ್ದೇನೆ. ಹುಡುಗ ಮೊದಲು ನಗದು ಕೇಳಿದ. ನಾನು ಆ್ಯಪಿನಲ್ಲಿ ಟ್ಯಾಗ್ ಚಾಲ್ತಿಯಲ್ಲಿರುವುದನ್ನು ತೋರಿಸಿ, ಮೆಲ್ಲಗೆ ಸೊನ್ನೆ ರಸೀದಿ ಅಂದೆ. ಒಳಗೆ ಹೋಗಿ ಯಾರನ್ನೋ ಕೇಳಿ ಬಂದು ಗೇಟು ಎತ್ತಿದ. ದನಿ ಎತ್ತಿದ್ದರೆ ಇನ್ನೂ ಅರ್ಧ ಗಂಟೆ ಅಲ್ಲೇ ಇರುತ್ತಿದ್ದೆನೋ ಏನೋ.

ಕೊನೆಯ ಕಾಟ ಗಾಡಿಯ ಪರಿಶೀಲನೆ, ಕೆವೈವಿ ಅನ್ನುತ್ತಾರೆ. ಆರ್‌ಸಿ ಮತ್ತು ಕಾರಿನ ಮುಂಭಾಗದ ಫೋಟೋ ಹಾಕಿ ಅಂತ ಬ್ಯಾಂಕಿನಿಂದ ಸಂದೇಶ ಬಂತು. ನಂಬರ್ ಪ್ಲೇಟೂ ಟ್ಯಾಗೂ ಒಂದೇ ಫೋಟೋದಲ್ಲಿ ಕಾಣಬೇಕಿತ್ತು. ಮಧ್ಯಾಹ್ನ ತೆಗೆದರೆ ಗಾಜಿನ ತುಂಬ ಆಕಾಶ, ತೆಂಗಿನ ಮರ. ಟ್ಯಾಗ್ ಎಲ್ಲೂ ಇಲ್ಲ. ಎರಡು ಸಲ ತಿರಸ್ಕಾರ ಆಯಿತು. ಮೂರನೇ ಸಲ ಬೆಳಿಗ್ಗೆ ಬಿಸಿಲು ಬರುವ ಮೊದಲು, ಹೆಂಡತಿ ಗಾಜಿನ ಮುಂದೆ ಹಳೇ ಕಂಬಳಿ ಹಿಡಿದು ನೆರಳು ಮಾಡಿದಳು, ನಾನು ಮಂಡಿಯೂರಿ ಕ್ಲಿಕ್ಕಿಸಿದೆ. ಕೆಳಗಿನ ಮನೆಯವರು ಕಾರಿಗೆ ಆಯುಧಪೂಜೆ ತಡವಾಯಿತೇ ಅಂತ ಕೇಳಿದರು. ಆ ಫೋಟೋ ಪಾಸಾಯಿತು.

ಕಳೆದ ವಾರ ಮೇಷ್ಟ್ರು ಮತ್ತೆ ಫೋನ್ ಮಾಡಿದ್ದರು. ಅವರ ಹೊಸ ಕಾರಿಗೂ ಪಾಸ್ ಮಾಡಿಸಬೇಕಂತೆ, ಹೇಗೆ ಅಂತ ಕೇಳಿದರು. ಎಲ್ಲ ಹೇಳಿ ಮುಗಿಸಿದ ಮೇಲೆ, "ನಿಮ್ಮದರಲ್ಲಿ ಎಷ್ಟು ಉಳಿದಿದೆ?" ಅಂದರು. 112 ಅಂದೆ. "ನಾಲ್ಕರ ಲೆಕ್ಕ ಸರಿಯಾಗಿದೆ, ಹಾಗಾದರೆ ಈ ವಾರ ಊರಿಗೆ ಹೋಗಿ ಬಂದಾಯಿತು ಅನ್ನಿ" ಅಂದರು. ಎಸ್‌ಎಂಎಸ್ ಇಲ್ಲದೆಯೂ ಅವರಿಗೆ ನನ್ನ ಓಡಾಟದ ಲೆಕ್ಕ ಸಿಕ್ಕಿಬಿಟ್ಟಿತು.